ಬಾಣಂತಿಗೆ ಕಡಲ ಸೊಪ್ಪು

ಅನಂತಲಕ್ಷ್ಮಿ ತೀರಿಕೊಂಡು ಇನ್ನೂ ತಿಂಗಳು ತುಂಬಿಲ್ಲ. ಪಕ್ಕದ ಮನೆಯ ಕಾಂಪೌಂಡಿನಾಚೆಯಿಂದ "ಏನೇ, ಕಾಫಿ ಆಯ್ತೇನೇ?" ಎಂಬ ದನಿ ಕೇಳದೆ ನನಗೆ ಬೆಳಗೇ ಆಗುತ್ತಿಲ್ಲ. ಸಾವಿನ ಬಗ್ಗೆ ಇಷ್ಟು ವರ್ಷ ಓದಿದ್ದು ಯಾವುದೂ ಈಗ ನೆರವಿಗೆ ಬರುತ್ತಿಲ್ಲ. ಅವಳು ಎಂಥವಳೆಂದು ಹೇಳಲು ಒಂದೇ ಒಂದು ಸಂಗತಿ ಬರೆದರೂ ಸಾಕೆನಿಸುತ್ತದೆ.

ಬಸವೇಶ್ವರನಗರದ ನಮ್ಮ ಬೀದಿಯಲ್ಲಿ ಯಾರ ಮನೆಯಲ್ಲಿ ಹೆರಿಗೆಯಾದರೂ ಬಾಣಂತನದ ಉಸ್ತುವಾರಿ ಅವಳದೇ. ಯಾರೂ ಕರೆಯಬೇಕಾಗಿರಲಿಲ್ಲ. ಹರಳೆಣ್ಣೆ ಬಟ್ಟಲು ಹಿಡಿದು ತಾನೇ ಹೋಗಿ, ಎಳೆಗೂಸನ್ನು ಕಾಲ ಮೇಲೆ ಮಲಗಿಸಿಕೊಂಡು ನೀರು ಹಾಕುತ್ತಿದ್ದಳು. ಬಾಣಂತಿಗೆ ಮೆಣಸಿನ ಸಾರು, ತುಪ್ಪದಲ್ಲಿ ಹುರಿದ ಬೆಳ್ಳುಳ್ಳಿ, ಸಬ್ಬಸಿಗೆ ಸೊಪ್ಪಿನ ಪಲ್ಯ. ತಣ್ಣಗಿನದು, ಹುಳಿ, ಸೌತೆಕಾಯಿ ಇವುಗಳ ಹೆಸರೆತ್ತುವಂತಿಲ್ಲ, ಮಗುವಿಗೆ ನೆಗಡಿಯಾಗುತ್ತದೆ.

ಎಂಬತ್ತನಾಲ್ಕರಲ್ಲಿ ಅವಳ ಮಹಡಿ ಮನೆಗೆ ಜಪಾನಿನ ದಂಪತಿ ಬಾಡಿಗೆಗೆ ಬಂದರು. ಗಂಡ ಮುರಾತ, ಪೀಣ್ಯದ ಒಂದು ಕಾರ್ಖಾನೆಯಲ್ಲಿ ಯಂತ್ರ ಕೂರಿಸಲು ಬಂದ ಎಂಜಿನಿಯರ್. ಹೆಂಡತಿ ಸಚಿಕೊ, ಬಸುರಿ. ಅನಂತಲಕ್ಷ್ಮಿಯ ಬಾಯಲ್ಲಿ ಅವಳು ಮೊದಲ ದಿನವೇ ಶಚಿಯಾದಳು. ಊರಿಗೆ ಹೋಗಿ ಹೆರಬೇಕೆಂದಿದ್ದವಳಿಗೆ ದಿನ ತುಂಬುವ ಮೊದಲೇ ಇಲ್ಲೇ ಹೆರಿಗೆಯಾಯಿತು. ಅವಳ ತಾಯಿಗೆ ಬರಲಾಗಲಿಲ್ಲ.

ಅನಂತಲಕ್ಷ್ಮಿ ಒಯ್ದದ್ದರಲ್ಲಿ ಶಚಿ ಎರಡು ತುತ್ತು ತಿಂದು ತಟ್ಟೆ ಸರಿಸುತ್ತಿದ್ದಳು. ಹಾಲು ಸಾಲದೆ ಮಗು ಅಳುತ್ತಿತ್ತು. ಮನಸ್ಸಿಗೆ ಬಂದದ್ದು ತಿನ್ನಲಿ ಬಿಡಿ ಎಂದರು ಡಾಕ್ಟರು.

"ಆ ಡಾಕ್ಟರಮ್ಮ ಹೆತ್ತಿದಾಳೇನೇ? ಮನಸ್ಸಿಗೆ ಬಂದದ್ದು ತಿನ್ನಬೇಕಂತೆ!"

ಕೊನೆಗೆ ಮುರಾತ ಟ್ರಂಕಿನಿಂದ ಒಂದು ಪೊಟ್ಟಣ ತೆಗೆದು ತಂದ. ಕಡ್ಡಿಕಡ್ಡಿಯಾಗಿ ಒಣಗಿದ, ಕರ್ರಗಿನ ಸೊಪ್ಪು. ಸಮುದ್ರದಲ್ಲಿ ಬೆಳೆಯುವುದು, ಇದರ ಸಲಾಡ್ ಒಂದನ್ನೇ ಹೆಂಡತಿ ಕೇಳುತ್ತಿದ್ದಾಳೆ ಎಂದು ಇಂಗ್ಲಿಷಿನಲ್ಲಿ ಹೇಳಿದ. ನಾನು ಅದನ್ನು ಕನ್ನಡದಲ್ಲಿ ಹೇಳಿದೆ.

ಅನಂತಲಕ್ಷ್ಮಿ ಮೂಸಿ ನೋಡಿದಳು. "ಮೀನಲ್ಲ ತಾನೇ?"

"ಸೊಪ್ಪು ಕಣೇ."

"ಸಲಾಡ್ ಅಂದ್ರೆ ಕೋಸಂಬರಿ ತಾನೇ? ಮಾಡೋಣ. ಏನೇನು ಬೀಳತ್ತೆ ಕೇಳು."

ಸೌತೆಕಾಯಿ, ವಿನೆಗರ್, ಸಕ್ಕರೆ, ಅವರದೇ ಸೀಸೆಯ ಸೋಯಾ ಸಾಸ್, ಹುರಿದ ಎಳ್ಳು. ಸೊಪ್ಪನ್ನು ತಣ್ಣೀರಲ್ಲಿ ನೆನೆಸಬೇಕು, ಒಲೆಗೆ ತೋರಿಸಬಾರದು.

"ವಿಷ ಒಂದು ಬಿಟ್ಟು ಎಲ್ಲಾ ಇದೆಯಲ್ಲೇ!"

ಮಹಡಿಯ ಅಡುಗೆಮನೆಯಲ್ಲೇ, ಆದರೆ ತನ್ನ ರೀತಿಯಲ್ಲಿ ಮಾಡಿದಳು. ಒಂದು ಹಿಡಿ ಸೊಪ್ಪಿನ ಮೇಲೆ ಕುದಿಯುವ ನೀರು ಸುರಿದಳು. ಸೌತೆಕಾಯಿ ಇಲ್ಲ, ವಿನೆಗರ್ ಇಲ್ಲ. ತುಪ್ಪ, ಬೆಳ್ಳುಳ್ಳಿ, ಕಾಳುಮೆಣಸಿನ ಒಗ್ಗರಣೆ. ಎಳ್ಳಿಗೆ ಮಾತ್ರ ಪರವಾನಗಿ ಸಿಕ್ಕಿತು, ಅದು ಉಷ್ಣವಂತೆ. ಶಚಿ ಒಂದು ಚಮಚ ಬಾಯಿಗಿಟ್ಟಳು. ಅನಂತಲಕ್ಷ್ಮಿಯೇ ಕಲಿಸಿದ್ದ ಮಾತು, "ಚೆನ್ನಾಗಿದೆ" ಎಂದು ನಕ್ಕಳು. ಬಟ್ಟಲು ಕೆಳಗಿಟ್ಟು ಗೋಡೆಯ ಕಡೆ ತಿರುಗಿ ಮಲಗಿದಳು.

ಇಳಿಯುವಾಗ ಅನಂತಲಕ್ಷ್ಮಿ ಮೆಟ್ಟಿಲ ಮೇಲೆ ಕೂತುಬಿಟ್ಟಳು. "ಅತ್ತಿದ್ರೂ ತಡ್ಕೋತಿದ್ದೆ ಕಣೇ. ಬೈದಿದ್ರೂ. ಚೆನ್ನಾಗಿದೆ ಅಂದ್ಬಿಟ್ಳಲ್ಲ."

ಮೇಲೆ ಮಗು ಮತ್ತೆ ಅಳತೊಡಗಿತು. ಅವಳು ಸೆರಗು ಸಿಕ್ಕಿಸಿಕೊಂಡು ಎದ್ದಳು.

"ನಡಿ, ಅವಳು ಹೇಳ್ದಂಗೇ ಮಾಡೋಣ. ಸೌತೆಕಾಯಿ ಮಾತ್ರ ನೀನು ಹೆಚ್ಚು. ಬಾಣಂತಿಗೆ ಅಂತ ಹೆಚ್ಚಕ್ಕೆ ನನ್ನ ಕೈ ಬರಲ್ಲ."

ಶಚಿ ಹಾಸಿಗೆಯಲ್ಲಿ ಎದ್ದು ಕೂತು ಕೈಸನ್ನೆಯಲ್ಲೇ ಹೇಳಿಕೊಟ್ಟಳು. ತಣ್ಣೀರಲ್ಲಿ ಆ ಕಡ್ಡಿಗಳು ಬಿಚ್ಚಿಕೊಂಡು ಅಗಲವಾದ ಹಸಿರು ಎಲೆಗಳಾದವು. ನಾನು ಸೌತೆಕಾಯಿಯನ್ನು ತೆಳ್ಳಗೆ ಹೆಚ್ಚಿ, ಉಪ್ಪು ಸವರಿ ಹಿಂಡಿದೆ. ಅನಂತಲಕ್ಷ್ಮಿ ಸೊಪ್ಪು ಕತ್ತರಿಸಿ, ವಿನೆಗರಿಗೆ ಸಕ್ಕರೆ ಕದಡಿ, ಸಾಸ್ ತೊಟ್ಟಿಕ್ಕಿಸಿ, ಎಲ್ಲ ಬೆರೆಸಿ ಎಳ್ಳು ಉದುರಿಸಿದಳು. ದೇವರಿಗೆ ತಪ್ಪುಕಾಣಿಕೆ ಕಟ್ಟುವವಳ ಮುಖ ಮಾಡಿಕೊಂಡಿದ್ದಳು. ಶಚಿ ಬಟ್ಟಲು ಬರಿದು ಮಾಡಿದಳು, ತಳದ ರಸವನ್ನೂ ಎತ್ತಿ ಕುಡಿದಳು. ಈ ಸಲ ಚೆನ್ನಾಗಿದೆ ಎನ್ನಲಿಲ್ಲ. "ಬೇಕು" ಎಂದಳು.

ಇನ್ನೊಂದು ಬಟ್ಟಲು ಕೊಟ್ಟ ಕೂಡಲೇ ಅನಂತಲಕ್ಷ್ಮಿ ಅವಳ ಕಿವಿಗೆ ಹತ್ತಿ ತುರುಕಿ, ತಲೆಗೆ ಬಟ್ಟೆ ಬಿಗಿದು, ಕೋಣೆಗೆಲ್ಲ ಸಾಂಬ್ರಾಣಿ ಹೊಗೆ ಹಾಕಿದಳು. ಮರುದಿನ ಮಗು ಒಂದು ಸಲ ಸೀನಿತು. ಅನಂತಲಕ್ಷ್ಮಿ ನನ್ನ ಕಡೆ ತಿರುಗಿ, "ಹೆಚ್ಚಿದೋಳು ನೀನು, ನೆನಪಿರ್ಲಿ" ಎಂದಳು. ನೆಗಡಿಯೇನೂ ಆಗಲಿಲ್ಲ.

ಪೊಟ್ಟಣ ಮುಗಿಯುವವರೆಗೆ ದಿನಾ ಮಧ್ಯಾಹ್ನ ಎರಡು ಬಟ್ಟಲು ಮಹಡಿ ಹತ್ತಿದವು. ಶಚಿ ಮೆಣಸಿನ ಸಾರನ್ನ ಮುಗಿಸುವವರೆಗೆ ಅನಂತಲಕ್ಷ್ಮಿ ಕಡಲ ಸೊಪ್ಪಿನ ಬಟ್ಟಲನ್ನು ಸೆರಗಿನಡಿ ಹಿಡಿದು ನಿಂತಿರುತ್ತಿದ್ದಳು. ಶಚಿ ನಗುತ್ತಲೇ ಎರಡನ್ನೂ ಉಣ್ಣುತ್ತಿದ್ದಳು. ಹಾಲು ಬಂತು, ಮಗುವಿನ ಕೆನ್ನೆ ತುಂಬಿತು. ಎಲ್ಲ ತನ್ನ ಬೆಳ್ಳುಳ್ಳಿಯ ಮಹಿಮೆ ಎಂದು ಅನಂತಲಕ್ಷ್ಮಿ ಕೊನೆಯವರೆಗೂ ಹೇಳುತ್ತಿದ್ದಳು. ನಾನು ಯಾವತ್ತೂ ಎದುರಾಡಲಿಲ್ಲ. ಆಡಿದ್ದರೆ ಜಗಳಕ್ಕೆಂದಾದರೂ ಅವಳು ಇನ್ನಷ್ಟು ಹೊತ್ತು ಕೂತಿರುತ್ತಿದ್ದಳು.