ಹೆಜ್ಜೆಯಣ್ಣನ ಗೆಜ್ಜೆ

ಘಲ್ ಎಂದಿತು. ಮತ್ತೆ ಘಲ್. ಕಿಟಕಿಯಿಲ್ಲದ ಕೋಣೆಯಲ್ಲಿ ಹೆಜ್ಜೆಯಣ್ಣ ಬರಿಗಾಲಲ್ಲಿ ಕಲ್ಲುಹಾಸಿನ ಮೇಲೆ ನಡೆಯುತ್ತಿದ್ದರು. ಎದುರಿನ ಪರದೆಯಲ್ಲಿ ಸತಿ ತಂದೆಯ ಯಜ್ಞಕ್ಕೆ ಹೊರಟಿದ್ದಳು.

ಧಾರಾವಾಹಿಯ ದೇವರುಗಳಿಗೆ ಮುಖ ಒಬ್ಬರದು, ಮಾತು ಇನ್ನೊಬ್ಬರದು. ಹೆಜ್ಜೆಯ ಸದ್ದು ಮಾತ್ರ ಎಲ್ಲರಿಗೂ ಇವರದೇ, ಪರದೆ ನೋಡುತ್ತ ನಡೆದು ದಾಖಲಿಸಿದ್ದು. ಚಿತ್ರೀಕರಣದ ಹಲಗೆ ನೆಲ ಕಿರುಗುಟ್ಟುತ್ತದೆ; ಕೈಲಾಸ ಕಿರುಗುಟ್ಟಬಾರದಲ್ಲ. ಶಿವನಿಗೆ ಹಿಮ್ಮಡಿ ಊರುತ್ತಿದ್ದರು, ಸತಿಗೆ ಬೆರಳ ತುದಿ. ಸತಿಯ ಗೆಜ್ಜೆ ಅವರ ಹೆಂಡತಿಯದು. ಆಕೆ ಹೋಗಿ ಮೂರು ವರ್ಷ. “ಕಪಾಟಲ್ಲಿ ಕಪ್ಪಾಗೋದಕ್ಕಿಂತ ದೇವಿ ಕಾಲಲ್ಲಿರ್ಲಿ ಬಿಡಪ್ಪ” ಎಂದು ಮಗಳೇ ಕೊಟ್ಟಿದ್ದಳು. ತಮ್ಮ ದಪ್ಪ ಕಾಲಿಗೆ ಸಾಲದೆ, ದಾರ ಸೇರಿಸಿ ಕಟ್ಟಿಕೊಳ್ಳುತ್ತಿದ್ದರು.

ಸತಿ ಅಗ್ನಿಗೆ ಬಿದ್ದಳು. ಮುಂದಿನ ದೃಶ್ಯದಲ್ಲಿ ಶಿವ ಆ ದೇಹವನ್ನು ಹೆಗಲಿಗೇರಿಸಿ ಲೋಕವೆಲ್ಲ ಅಲೆಯಬೇಕು.

“ಗೆಜ್ಜೆ ಬಿಚ್ಚಿಡಿ ಅಣ್ಣ,” ಎಂದ ನಿರ್ದೇಶಕ. “ಹೆಣದ ಗೆಜ್ಜೆ ಸದ್ದು ಮಾಡಲ್ಲ. ನಗಾರಿ ಹಾಕಿದ್ರೆ ಸಾಕು.”

“ಮಾಡುತ್ತೆ ಸಾರ್.”

“ಕೈಲಾಸಕ್ಕೆ ಹೋಗಿ ಕೇಳ್ಕೊಂಡು ಬಂದ್ರಾ?”

ಯಂತ್ರದ ಮುಂದೆ ಕೂತು ಧ್ವನಿ ದಾಖಲಿಸುವ ಅಕ್ಕ ನಕ್ಕಳು. ಹೆಜ್ಜೆಯಣ್ಣನೂ ನಕ್ಕರು.

ಕೈಲಾಸಕ್ಕಲ್ಲ. ಲಿಫ್ಟು ಕೆಟ್ಟಿದ್ದ ದಿನ, ಉಸಿರು ಸಿಗದ ಹೆಂಡತಿಯನ್ನು ಹೆಗಲ ಮೇಲೆ ಹಾಕಿಕೊಂಡು ನಾಲ್ಕು ಮಹಡಿ ಇಳಿದಿದ್ದರು. ಮೂರನೆಯ ಮಹಡಿಯವರೆಗೆ ಅವಳ ಕಾಲು ಒದ್ದಾಡಿ ಗೆಜ್ಜೆ ತನ್ನಿಷ್ಟಕ್ಕೆ ನುಡಿಯುತ್ತಿತ್ತು. ಆಮೇಲೆ ಅದು ಇವರ ಹೆಜ್ಜೆಯ ತಾಳಕ್ಕೆ ಬಿತ್ತು. ಅಷ್ಟರಿಂದಲೇ ಗೊತ್ತಾಯಿತು. ಗೊತ್ತಾದರೂ ನಿಲ್ಲದೆ ಇಳಿದರು. ಇದನ್ನು ಮಗಳಿಗೂ ಹೇಳಿರಲಿಲ್ಲ. ಆ ಸದ್ದು ಇರಲೇ ಇಲ್ಲ ಎಂದು ಇಲ್ಲಿ ನಿಂತು ಒಪ್ಪಿಕೊಳ್ಳಲು ಅವರಿಂದ ಆಗಲಿಲ್ಲ.

“ಒಂದೇ ಸಲ ಕೇಳಿ ಸಾರ್. ಬೇಡ ಅನ್ನಿಸಿದ್ರೆ ಅಳಿಸಿಬಿಡಿ.”

ಮರಳಿನ ಚೀಲ ಹೆಗಲಿಗೇರಿಸಿದರು. ಬೆನ್ನ ಹಿಂದೆ ಇಳಿಬಿದ್ದ ಅದರ ತುದಿಗೆ ಅಕ್ಕ ಗೆಜ್ಜೆ ಕಟ್ಟಿದಳು. ಶಿವ ನಡೆದ, ಇವರೂ ನಡೆದರು. ಧಪ್. ಒಂದರೆಗಳಿಗೆ ಬಿಟ್ಟು, ಘಲ್. ಧಪ್. ಘಲ್. ಶಿವ ನಿಂತಾಗ ಇವರೂ ನಿಂತರು. ಗೆಜ್ಜೆ ಮಾತ್ರ ಇನ್ನೊಂದು ಸಲ ನುಡಿದು ಸುಮ್ಮನಾಯಿತು.

ಅಕ್ಕ ಹೆಡ್‌ಫೋನ್ ತೆಗೆದು ಮಡಿಲಲ್ಲಿಟ್ಟುಕೊಂಡಳು. ನಿರ್ದೇಶಕ ಕಾಗದದಲ್ಲಿ ‘ನಗಾರಿ’ ಎಂಬುದನ್ನು ಹೊಡೆದುಹಾಕಿದ.

“ಇರ್ಲಿ. ಇದೇ ಇರ್ಲಿ, ನಗಾರಿ ಬೇಡ.” ಆಮೇಲೆ ಕಾಗದ ತಿರುವಿದ. “ನಾಳೆಯಿಂದ ಪಾರ್ವತಿ, ಅಣ್ಣ. ಸತಿನೇ ಮತ್ತೆ ಹುಟ್ಟಿ ಬರ್ತಾಳಲ್ಲ, ಹೊಸ ಹುಡುಗಿ, ನಡಿಗೆ ಸ್ವಲ್ಪ ಚುರುಕು. ಗೆಜ್ಜೆ ಮಾತ್ರ ಇದೇ ಆಗ್ಬೇಕು, ಏನಂತೀರಿ? ಯಾಕಂದ್ರೆ ನೋಡೋರಿಗೆ...”

ಹೆಜ್ಜೆಯಣ್ಣ ಚೀಲದಿಂದ ಗೆಜ್ಜೆ ಬಿಚ್ಚಿ, ಇನ್ನು ಯಾರ ಕಾಲಿಗೂ ನುಡಿಯದಂತೆ ಕರವಸ್ತ್ರದಲ್ಲಿ ಬಿಗಿಯಾಗಿ ಸುತ್ತಿ ಜೇಬಿಗಿಳಿಸಿ, ಚಪ್ಪಲಿ ಕೈಯಲ್ಲೇ ಹಿಡಿದು, ಆಗಲೇ ಬಾಗಿಲು ದಾಟಿದ್ದರು.