ಎರಡು ಗುಂಡು ಮೊದಲು ಕೇಳಿಸುವ ಗ್ರಹ

ಮೊನ್ನೆ ಬೆಳಿಗ್ಗೆ ನಮ್ಮ ತೋಟದ ಅಂಚಿಗೆ ಆನೆ ಬಂದಿತ್ತು. ಅರಣ್ಯದ ವಾಚರುಗಳು ಪಟಾಕಿ ಹೊಡೆದು ಅದನ್ನು ಕಾಡಿಗೆ ಅಟ್ಟಿದರು. ಸುಟ್ಟ ಮದ್ದಿನ ವಾಸನೆ ಗಾಳಿಯಲ್ಲಿ ತೇಲಿ ಅಂಗಳಕ್ಕೆ ಬಂತು ನೋಡಿ... ಮನೆಯವರೆಲ್ಲ ಬಾಗಿಲು ಭದ್ರಮಾಡುತ್ತಿದ್ದರೆ ನಾನು ಹೊರಗೆ ನಿಂತು ಒಬ್ಬಳೇ ನಗುತ್ತಿದ್ದೆ. ನನಗೆ ನಮ್ಮ ವಿಜ್ಞಾನದ ಟೀಚರ್ ನೆನಪಾಗಿದ್ದರು.

ತಿತಿಮತಿ ಹತ್ತಿರದ ನಮ್ಮ ಹೈಸ್ಕೂಲಿಗೆ ಅವರು ಬಂದದ್ದು ಶನಿವಾರಸಂತೆ ಕಡೆಯಿಂದ. ಒಂದು ದಿನ ಪಾಠದ ನಡುವೆ, ಪೀಠಿಕೆ ಏನೂ ಇಲ್ಲದೆ, ಒಂದು ಗ್ರಹದ ಕತೆ ಶುರುಮಾಡಿದರು. ಆ ಗ್ರಹಕ್ಕೆ ಮುಪ್ಪು ಬಂದಿದೆ. ಬೆಟ್ಟಗಳು ಪುಡಿಯಾಗಿ ಉದುರುತ್ತಿವೆ. ಸಾಲದ್ದಕ್ಕೆ ಅಲ್ಲಿಯ ಕಾಲವೇ ಹಳೇ ಸೀರೆಯ ಹಾಗೆ ಮಡಿಸಿದಲ್ಲೆಲ್ಲ ಹರಿಯುತ್ತಿದೆ. ನಾಳೆಯ ಮಳೆಗೆ ಇವತ್ತು ಒಣಹಾಕಿದ ಬಟ್ಟೆ ನೆನೆಯುತ್ತದೆ. ಮೊಸರು ಹಾಲಾಗುತ್ತದೆ. ಊಟ ಮಾಡಿ ಎದ್ದವರಿಗೆ ಗದ್ದೆಯಲ್ಲಿ ಇನ್ನೂ ನಾಟಿಯೇ ಆಗಿಲ್ಲ ಅಂತ ಗೊತ್ತಾಗುತ್ತದೆ. ನಾವು ಬಾಯಿಬಿಟ್ಟುಕೊಂಡು ಕೇಳಿದೆವು. ಬೆಲ್ ಹೊಡೆದರೂ ಯಾರೂ ಏಳಲಿಲ್ಲ.

ಅದನ್ನೇ ತಾಲೂಕು ಸ್ಪರ್ಧೆಗೆ ನಾಟಕ ಮಾಡೋಣ ಎಂದರು. ಗ್ರಹದ ನೆಲಕ್ಕೆ ಕಾಫಿ ಒಣಗಿಸುವ ಟಾರ್ಪಾಲು. ನಾನು ಆ ಗ್ರಹದ ಕೊನೆಯ ಬಸುರಿ, ಅಂದರೆ ನಾಯಕಿ. ಹೊಟ್ಟೆಗೆ ಕಟ್ಟಿಕೊಂಡ ದಿಂಬಿಗಿಂತ ನನ್ನ ಜಂಬವೇ ದೊಡ್ಡದಿತ್ತು. ನಿಮ್ಮೂರಲ್ಲಿ ಹುಟ್ಟು ಸಾವು ಹೇಗೆ ತಿಳಿಸುತ್ತಾರೆ ಎಂದು ಟೀಚರ್ ಕೇಳಿದರು. ಗಂಡು ಹುಟ್ಟಿದರೆ ಕೋವಿಯಿಂದ ಒಂದು ಗುಂಡು, ಯಾರಾದರೂ ತೀರಿಕೊಂಡರೆ ಎರಡು, ಎರಡು ಕೇಳಿಸಿದರೆ ಕೈಯಲ್ಲಿದ್ದ ಕೆಲಸ ಬಿಟ್ಟು ಹೊರಡಬೇಕು ಎಂದೆವು. ಹೆಣ್ಣು ಹುಟ್ಟಿದರೆ ಎಂದು ಕೇಳಿದ್ದಕ್ಕೆ ಹೆಣ್ಣಿಗೆ ಗುಂಡಿಲ್ಲ ಎಂದೆವು. ನಾಟಕದಲ್ಲಿ ಹೆಣ್ಣೇ ಹುಟ್ಟಲಿ ಎಂದು ತೀರ್ಮಾನಿಸಿದ ಟೀಚರ್ ಕುರ್ಚಿಯಿಂದ ಎದ್ದೇಬಿಟ್ಟರು.

“ಹಂಗಾದ್ರೆ ನಮ್ ಗ್ರಹದಲ್ಲಿ ಎರಡು ಗುಂಡು ಮೊದ್ಲು ಕೇಳುತ್ತೆ ಕಣ್ರೇ, ಒಂದು ಆಮೇಲೆ.”

ಮಗು ಹುಟ್ಟುವ ಮೊದಲೇ ಅದರ ಸಾವಿನ ಗುಂಡು ತಾಯಿಗೆ ಕೇಳಿಸುತ್ತದೆ. ಹೆರಬೇಕೇ ಬೇಡವೇ, ಅವಳೇ ಹೇಳಬೇಕು.

ಕೊನೆಯ ರಿಹರ್ಸಲ್ ಒಂದು ಶನಿವಾರ. ಗುಂಡಿನ ಸದ್ದಿಗೆ ಡಬ್ಬ ಬಡಿಯಿರಿ ಎಂದು ಟೀಚರ್ ಹೇಳಿದ್ದರು. ನನಗೆ ಡಬ್ಬ ಸಾಲದು. ವಾಚರ್ ಮಗಳಾಗಿದ್ದ ಗೆಳತಿಯಿಂದ ಆನೆ ಅಟ್ಟುವ ಮೂರು ಪಟಾಕಿ ತರಿಸಿ, ಟೀಚರಿಗೂ ಹೇಳದೆ, ಮೈದಾನದ ಮೂಲೆಯಲ್ಲಿ ಎರಡನ್ನು ಹೊಡೆಸಿಯೇಬಿಟ್ಟೆ. ಶಾಲೆಯ ಹೆಂಚು ಅದುರಿತು. ಅರ್ಧ ಗಂಟೆಯಲ್ಲಿ ಊರಿಗೆ ಊರೇ ಮೈದಾನದಲ್ಲಿತ್ತು. ಕಾಫಿ ಪಿಕ್ಕಿಂಗ್ ಬಿಟ್ಟು ಬಂದವರು, ಒಲೆ ಆರಿಸಿ ಬಂದವರು, ಸಾವಿನ ಮನೆಗೆಂದು ಕೋವಿ ಹಿಡಿದೇ ಬಂದ ಹಿರಿಯರೊಬ್ಬರು. ಎಲ್ಲರದೂ ಒಂದೇ ಪ್ರಶ್ನೆ, ಯಾರು ಹೋದದ್ದು?

ಹೆಡ್ಮಾಸ್ಟರು ಕೆಂಡವಾದರು. ನಾಟಕವೂ ಬೇಡ, ಏನೂ ಬೇಡ ಎಂದರು. ಸುಳ್ಳು ಸಾವು ಸಾರಿದ್ದು ಅಪಶಕುನ ಎಂದು ಕೋವಿಯ ಹಿರಿಯರು ಗದರಿದರು. ಟೀಚರ್ ನನ್ನನ್ನು ಹಿಂದೆ ಸರಿಸಿ, ಹೊಡೆಸಿದ್ದು ನಾನೇ ಎಂದುಬಿಟ್ಟರು. ಯಾಕೆ ಎಂದು ಕೇಳಿದ್ದಕ್ಕೆ ಗ್ರಹದ ಕತೆ ಹೇಳಿದರು, ಆ ತಾಯಿಯವರೆಗೆ ಹೇಳಿ ನಿಲ್ಲಿಸಿದರು.

ಗುಂಪಿನಲ್ಲಿದ್ದ ಅಜ್ಜಿಯೊಬ್ಬರು ಟಾರ್ಪಾಲಿನ ಎದುರು ಕೂತೇಬಿಟ್ಟರು. “ಓಡಿ ಬಂದಾಯ್ತಲ್ಲ. ಆ ತಾಯಿ ಎಂತ ಹೇಳ್ತಾಳೆ, ಕೇಳಿಯೇ ಹೋಗುವ.”

ಒಬ್ಬೊಬ್ಬರಾಗಿ ಎಲ್ಲರೂ ಕೂತರು. ಸಾವಿಗೆಂದು ಬಂದವರು ನಾಟಕ ನೋಡಿದರು! ನಾನು ದಿಂಬು ಹಿಡಿದುಕೊಂಡು ನಡುವೆ ನಿಂತು, “ಬರಲಿ ಅವಳು. ಇರುವಷ್ಟು ದಿನ ನನ್ನವಳು,” ಎಂದೆ. ಇನ್ನು ಹುಟ್ಟಿನ ಗುಂಡು ಕೇಳಿಸಬೇಕು. ಮೂರನೆಯ ಪಟಾಕಿ ಟುಸ್ಸೆಂದಿತು. ಆಗ ಆ ಹಿರಿಯರು ಎದ್ದು, ಬೇಲಿಯ ಕಡೆಗೆ ನಡೆದು, ಆಕಾಶಕ್ಕೆ ಕೋವಿ ಎತ್ತಿ ಒಂದೇ ಒಂದು ಗುಂಡು ಹಾರಿಸಿದರು. ಹೆಣ್ಣು ಮಗುವಿಗೆ, ಅದೂ ನಾಟಕದ ಮಗುವಿಗೆ! ನಾವು ಕುಣಿದಾಡಿದೆವು. ಟೀಚರ್ ಮಾತ್ರ ಎರಡೂ ಕೈಯಲ್ಲಿ ತಮ್ಮ ಹೊಟ್ಟೆ ಹಿಡಿದುಕೊಂಡು ಅಳುತ್ತಿದ್ದರು.

ಸ್ಪರ್ಧೆಯಲ್ಲಿ ನಮಗೆ ಬಹುಮಾನ ಬರಲಿಲ್ಲ. ತೀರ್ಪುಗಾರರಿಗೆ ತಲೆಬುಡ ತಿಳಿಯಲಿಲ್ಲವಂತೆ. ಬೇಸಿಗೆ ರಜೆಗೆ ಹೋದ ಟೀಚರ್ ವಾಪಸು ಬರಲಿಲ್ಲ. ಮಳೆಗಾಲದಲ್ಲಿ ನನಗೆ ಅವರದೊಂದು ಪತ್ರ ಬಂತು. ತಮ್ಮ ಹೊಟ್ಟೆಯಲ್ಲಿದ್ದ ಮಗುವಿನ ಹೃದಯ ಸರಿಯಿಲ್ಲ, ಉಳಿಯುವುದಿಲ್ಲ ಎಂದು ನಾಟಕ ಬರೆಯುವ ಮೊದಲೇ ಡಾಕ್ಟರು ಹೇಳಿದ್ದರಂತೆ. ಇಟ್ಟುಕೊಳ್ಳುವುದು ಬೇಡವೆಂದು ಮನೆಯವರೆಲ್ಲ ಹಿಡಿದು ಕೂತಿದ್ದರಂತೆ. ‘ಹೆಣ್ಣು. ನಲವತ್ತು ದಿನ ಇದ್ದಳು. ಅವತ್ತು ನೀನು ಹೇಳಿದ ಮಾತು ನನಗೆ ಬೇಕಾಗಿತ್ತು ಕಣೇ’ ಎಂದು ಬರೆದಿದ್ದರು.

ಏನು ಬರೆಯಬೇಕೋ ತಿಳಿಯದೆ ನಾನು ಉತ್ತರ ಬರೆಯಲೇ ಇಲ್ಲ. ಒಮ್ಮೆ ಹೋಗಿ ನೋಡಬೇಕು ಅಂದುಕೊಂಡೇ ವರ್ಷಗಳು ಕಳೆದವು... ಹೋದ ವರ್ಷ ಹಳೇ ವಿದ್ಯಾರ್ಥಿಗಳ ವಾಟ್ಸಾಪ್ ಗುಂಪಿನಲ್ಲಿ ಅವರು ತೀರಿಕೊಂಡ ಸುದ್ದಿ ಬಂತು, ಹನ್ನೆರಡು ದಿನ ತಡವಾಗಿ. ಮೊನ್ನೆ ನಗು ನಿಂತ ಮೇಲೆ ಮನಸ್ಸಿನಲ್ಲಿ ಉಳಿದದ್ದು ಅದೊಂದೇ. ಆ ಗ್ರಹದಲ್ಲಾಗಿದ್ದರೆ ಸುದ್ದಿ ಮೊದಲೇ ಬರುತ್ತಿತ್ತು. ನಾನು ಬಸ್ಸು ಹತ್ತಿ ಹೋಗಿ ಅವರನ್ನೊಮ್ಮೆ ನೋಡಿ ಬರುತ್ತಿದ್ದೆ.