ಕರಡಿಯ ಹಣೆಯ ಅರಿಶಿನ

2023ರಲ್ಲಿ ನಾನು ಶಿಕಾಗೋ ಹತ್ತಿರದ ಎಲ್ಕ್ ಗ್ರೋವ್ ವಿಲೇಜ್‌ನ ಒಂದು ವರ್ಕ್‌ಶಾಪ್‌ನಲ್ಲಿ ಸ್ಟೋನ್ ಕಾರ್ವರ್ ಆಗಿದ್ದೆ. ಅಂದರೆ ಕಲ್ಲು ಕೆತ್ತುವವನು. ಓದಿದ್ದು ಒಂಬತ್ತನೇ ಕ್ಲಾಸು, ಅದೂ ಫೇಲು. ಕೋಲಾರದ ಕಡೆ ಸೋದರಮಾವನ ಹತ್ತಿರ ಉಳಿ ಹಿಡಿಯುವುದು ಕಲಿತಿದ್ದೆ. ಅಮ್ಮ ಇಲ್ಲಿ ನರ್ಸ್. ಅವಳ ಹಿಂದೆ ಬಂದೆ. ವರ್ಕ್‌ಶಾಪ್‌ನ ಎಂಜಿನಿಯರ್ ಪಾಟೀಲ್ ಅಂಕಲ್ ಬಾಗಲಕೋಟೆಯವರು. ‘ಇವನಿಗೆ ನಾನು ಜವಾಬ್ದಾರಿ’ ಎಂದು ಮಾಲೀಕರಿಗೆ ಹೇಳಿ ನನ್ನನ್ನು ಸೇರಿಸಿದ್ದು ಅವರೇ.

ಆ ವರ್ಷ ನಮಗೆ ರಿಪೇರಿಗೆ ಬಂದದ್ದು ಕೆನಡಾದ ಸಂಸತ್ ಭವನದ ಕೆಲವು ಕಲ್ಲುಗಳು. ಅಲ್ಲಿಯ ಹಳೆಯ ಭವನ 1916ರಲ್ಲಿ ಸುಟ್ಟುಹೋಯಿತು. ಲೈಬ್ರರಿ ಮಾತ್ರ ಉಳಿಯಿತು, ಏಕೆಂದರೆ ಯಾರೋ ಹೊತ್ತಿಗೆ ಸರಿಯಾಗಿ ಅದರ ಕಬ್ಬಿಣದ ಬಾಗಿಲು ಮುಚ್ಚಿಸಿದರು. ಆಮೇಲೆ ಕಟ್ಟಿದ ಭವನಕ್ಕೂ ಈಗ ನೂರು ವರ್ಷ. ಅದನ್ನು ಖಾಲಿ ಮಾಡಿ, ಕಲ್ಲು ಕಲ್ಲನ್ನೂ ನೋಡಿ ಸರಿಪಡಿಸುತ್ತಿದ್ದಾರೆ.

ನನ್ನ ಪಾಲಿಗೆ ಬಂದದ್ದು ಒಂದು ಕರಡಿಮುಖ. ಮರಳುಗಲ್ಲು, ಕಿವಿ ಮುರಿದಿತ್ತು. ಮುರಿದ ಜಾಗವನ್ನು ಚೌಕಾಕಾರ ಕತ್ತರಿಸಿ, ಅದೇ ಜಾತಿಯ ಕಲ್ಲಿನ ತುಂಡು ಕೂರಿಸಿ, ಹೊಸ ಕಿವಿ ಕೆತ್ತಬೇಕು. ಐದು ವಾರ ಹಿಡಿಯಿತು. ಹಳೆ ಕಲ್ಲು, ಹೊಸ ಕಲ್ಲು ಕೂಡಿದ ಸಂದಿನಲ್ಲಿ ಉಗುರೂ ಸಿಕ್ಕುತ್ತಿರಲಿಲ್ಲ.

ಅಕ್ಟೋಬರ್‌ನ ಒಂದು ಸೋಮವಾರ ಆಯುಧಪೂಜೆ ಬಂತು. ಮಾಲೀಕರನ್ನು ಕೇಳಿದ್ದೆ. ಬೆಂಕಿ ಹಚ್ಚಬೇಡ, ಮಿಕ್ಕಿದ್ದು ಏನಾದರೂ ಮಾಡಿಕೋ ಎಂದಿದ್ದರು. ಉಳಿಗೆ, ಸುತ್ತಿಗೆಗೆ, ಫೋರ್ಕ್‌ಲಿಫ್ಟಿಗೆ ಅರಿಶಿನ ಹಚ್ಚಿದೆ. ಅನ್ನ ಕೊಡುತ್ತಿರುವುದು ಕರಡಿಯಲ್ಲವೇ ಎಂದು ಅದರ ಹಣೆಗೂ ಮೂರು ಬೆರಳು ಎಳೆದೆ.

ಅರ್ಧ ಗಂಟೆ ಬಿಟ್ಟು ಒರೆಸಿದರೆ ಹೋಗಲಿಲ್ಲ. ಮರಳುಗಲ್ಲು ನೀರು ಕುಡಿಯುತ್ತದೆ. ಕಲಸಿದ ಅರಿಶಿನವನ್ನೂ ಕುಡಿದಿತ್ತು. ಗಾಬರಿಯಾಗಿ ಪಾತ್ರೆ ತೊಳೆಯುವ ಸೋಪು ತಂದು ಉಜ್ಜಿದೆ. ಹಳದಿ ಹೋಗಿ ಕೆಂಪಾಯಿತು. ತಲೆ ಒಡೆದ ಕರಡಿಯ ಹಾಗೆ ಕಾಣುತ್ತಿತ್ತು.

ಪ್ಲೇನ್‌ಫೀಲ್ಡ್‌ನ ಮನೆಯಲ್ಲಿದ್ದ ಅಮ್ಮನಿಗೆ ಫೋನ್ ಮಾಡಿದೆ.

“ಅಮ್ಮಾ, ಅರಿಶಿನ ಹೋಗ್ತಾ ಇಲ್ಲ.”

“ಯಾವ ಶರ್ಟೋ?”

“ಶರ್ಟಲ್ಲ. ಪಾರ್ಲಿಮೆಂಟು.”

“ಸೋಪ್ ಹಾಕಿದ್ಯಾ?”

“ಹಾಕ್ದೆ. ಕೆಂಪಾಯ್ತು.”

“ಆಗ್ದೆ ಇನ್ನೇನು? ಬರೀ ನೀರಲ್ಲಿ ತೊಳ್ದು ಬಿಸಿಲಿಗಿಡು, ಹೋಗುತ್ತೆ. ಪಾಟೀಲರಿಗೆ ಹೇಳಿದ್ಯೇನೋ?”

“ಹೇಳ್ತೀನಿ ಬಿಡಮ್ಮಾ.”

ಹೇಳಲಿಲ್ಲ. ಅಂಕಲ್ ಆ ವಾರ ಡೆಟ್ರಾಯ್ಟ್ ಕಡೆ, ಆಬರ್ನ್ ಹಿಲ್ಸ್‌ನಲ್ಲಿ ಬೇರೆ ಕೆಲಸದ ಮೇಲಿದ್ದರು. ಗುರುವಾರ ಅವರ ಜೊತೆಗೇ ಕನ್ಸರ್ವೇಟರ್ ಬರುವವರಿದ್ದರು. ಹಳೆಯ ಕಲ್ಲನ್ನು ಪರೀಕ್ಷಿಸಿ, ಸರಿ ಎಂದು ಸಹಿ ಹಾಕುವ ತಜ್ಞೆ ಆಕೆ. ಸಹಿ ಬಿದ್ದರೆ ಶುಕ್ರವಾರ ಲಾರಿ. ಬೀಳದಿದ್ದರೆ ನನ್ನ ಕೆಲಸ ಹೋಗುತ್ತದೆ, ಅಂಕಲ್ ಮಾತಿಗೆ ಇದ್ದ ಬೆಲೆಯೂ ಹೋಗುತ್ತದೆ.

ಮಂಗಳವಾರ ಪೂರ್ತಿ ಮೋಡ, ಚಳಿ. ಕರಡಿಯನ್ನು ನಲ್ಲಿ ನೀರಲ್ಲಿ ತೊಳೆದು, ಫೋರ್ಕ್‌ಲಿಫ್ಟಿನಲ್ಲಿ ಅಂಗಳಕ್ಕೆ ತಂದಿಟ್ಟು ಆಕಾಶ ನೋಡುತ್ತಾ ನಿಂತೆ. ಯಾರಾದರೂ ಕೇಳಿದರೆ ಒಣಗಿಸುತ್ತಿದ್ದೇನೆ ಎಂದೆ. ಬುಧವಾರ ನಾಲ್ಕು ಗಂಟೆ ಬಿಸಿಲು ಬಿತ್ತು. ಗುರುವಾರ ಬೆಳಗ್ಗೆ ನೋಡಿದರೆ ಹಣೆ ಮೊದಲಿನ ಹಾಗೇ ಇತ್ತು. ನನಗೇ ಕಲೆ ಕಾಣಲಿಲ್ಲ.

ಅಂಕಲ್ ಬಂದವರೇ ನನ್ನ ಮುಖ ನೋಡಿದರು. “ಯಾಕಪಾ, ಕರಡಿಕಿಂತಾ ನೀನ ಹಳಬ ಆದಂಗ ಕಾಣಾಕತ್ತೀಯಲ್ಲ?”

ಜೊತೆಗೆ ಬಂದಿದ್ದ ಕನ್ಸರ್ವೇಟರ್ ಕಿವಿಯ ಸುತ್ತ ಬೆರಳಾಡಿಸಿ, ಸರಿ ಎಂದು ತಲೆಯಾಡಿಸಿದರು. ಮುಗಿಯಿತು ಅಂದುಕೊಂಡೆ. ಅಷ್ಟರಲ್ಲಿ ಚೀಲದಿಂದ ಸಣ್ಣ ಟಾರ್ಚ್ ತೆಗೆದು, ದೀಪ ಆರಿಸಲು ಹೇಳಿದರು.

“ಅದು ಯುವಿ ಲೈಟು. ಅಂಟು, ಎಣ್ಣಿ, ಬಣ್ಣ, ಕಣ್ಣಿಗೆ ಕಾಣಲಾರದ್ದೆಲ್ಲ ಅದರಾಗ ಕಾಣ್ತೈತಿ,” ಎಂದರು ಅಂಕಲ್, ಸ್ವಿಚ್ಚಿನ ಮೇಲೆ ಕೈಯಿಟ್ಟು.

“ಅಂಕಲ್, ಒಂದ್ ನಿಮಿಷ. ಆರಿಸ್ಬೇಡಿ.”

ಎಲ್ಲ ಹೇಳಿದೆ. ಅರಿಶಿನ, ಸೋಪು, ಬಿಸಿಲು. ನನ್ನ ಇಂಗ್ಲಿಷ್ ಸಾಲದ ಕಡೆ ಅಂಕಲ್ ಆಕೆಗೆ ತಿಳಿಸಿದರು. ಹೇಳುತ್ತಾ ಹೇಳುತ್ತಾ ಅವರ ದನಿ ಇಳಿಯಿತು. ಆಕೆ ತಾವೇ ದೀಪ ಆರಿಸಿ ಟಾರ್ಚ್ ಹಚ್ಚಿದರು.

ಕತ್ತಲಲ್ಲಿ ಕರಡಿಯ ಹಣೆಯ ಮೇಲೆ ನನ್ನ ಮೂರು ಬೆರಳು ಗಿಳಿಹಸಿರಾಗಿ ಹೊಳೆದವು. ಸೋಪಿನ ನೀರು ಮೂಗಿನ ತನಕ ಇಳಿದ ಗೆರೆಯೂ ಹೊಳೆಯಿತು.

“ಸೋಮವಾರ ಯಾಕ ಫೋನ್ ಮಾಡಲಿಲ್ಲೋ?”

“ಹೆದರ್ಕೊಂಡೆ ಅಂಕಲ್.”

“ಹೆದರಿದ್ರ ಹೆದರು. ಹೆದರಿಕೋತನ ಹೇಳಾಕ ಏನಾಗಿತ್ತ ನಿನಗ?”

ಆ ಲೈಬ್ರರಿಯ ಬಾಗಿಲು ಮುಚ್ಚಿಸಿದವರು ಯೋಚಿಸುತ್ತಾ ನಿಂತಿದ್ದರೆ ಅದೂ ಉಳಿಯುತ್ತಿರಲಿಲ್ಲ. ನಾನು ಮೂರು ದಿನ ನಿಂತಿದ್ದೆ.

ಅರಿಶಿನಕ್ಕಿಂತ ಸೋಪೇ ಕೆಟ್ಟದ್ದು ಎಂದರು ಆಕೆ. ಬಣ್ಣವನ್ನು ಒಳಗೆ ತಳ್ಳಿದ್ದು ಅದೇ. ಶುದ್ಧ ನೀರಿನಲ್ಲಿ ನೆನೆಸಿದ ಕಾಗದದ ತಿರುಳನ್ನು ಕಲ್ಲಿಗೆ ಮೆತ್ತಿದರೆ, ಅದು ಒಣಗುವಾಗ ಒಳಗಿನ ಕಲೆಯನ್ನು ಎಳೆದುಕೊಳ್ಳುತ್ತದೆ. ಅದನ್ನು ಆರು ಸಲ ಮಾಡಿಸಿದರು. ಶುಕ್ರವಾರದ ಲಾರಿ ಕರಡಿಯನ್ನು ಬಿಟ್ಟು ಹೋಯಿತು. ಕ್ಷಮಾಪಣೆ ಪತ್ರಕ್ಕೆ ಸಹಿ ಹಾಕಿದವರು ಪಾಟೀಲ್ ಅಂಕಲ್. ತಪ್ಪು ನನ್ನದು, ತಲೆ ತಗ್ಗಿಸಿದ್ದು ಅವರು. ಅದನ್ನು ನಾನು ಮರೆಯುವುದಿಲ್ಲ. ನನ್ನ ಕೆಲಸ ಉಳಿಯಿತು.

ಡಿಸೆಂಬರ್‌ನಲ್ಲಿ ಕರಡಿ ಡೆಟ್ರಾಯ್ಟ್ ಸೇತುವೆ ದಾಟಿ ಕೆನಡಾಕ್ಕೆ ಹೋಯಿತು. ಹೋಗುವ ಮುಂಚೆ ಅಂಕಲ್ ಅದರ ಫೈಲು ತೋರಿಸಿದರು. ಪ್ರತಿ ಕಲ್ಲಿಗೂ ಒಂದು ಫೈಲು ಇರುತ್ತದೆ. ಮುಂದೆ ಯಾವತ್ತೋ ರಿಪೇರಿ ಮಾಡುವವರಿಗಾಗಿ ಎಲ್ಲ ಬರೆದಿಡುತ್ತಾರೆ. ಹೊಸ ಕಿವಿಯ ಕೆಳಗಿನ ಸಾಲಿನಲ್ಲಿ ಅರಿಶಿನ, ಸೋಪು, ನಲ್ಲಿ ನೀರು, ನಾಲ್ಕು ಗಂಟೆ ಬಿಸಿಲು. ಪಕ್ಕದಲ್ಲಿ ನನ್ನ ಹೆಸರು. ಹಳೆಯ ಕಲ್ಲಿನ ಕೆಲಸ ನನಗೆ ಕಲಿಸಿದ್ದು ಇಷ್ಟೇ: ಕಲೆ ಬಿದ್ದರೆ ನೀರು ತರುವ ಮುಂಚೆ ಬಾಯಿ ಬಿಡಬೇಕು.

ಈಗಲೂ ಆಯುಧಪೂಜೆಗೆ ಉಳಿಗಳಿಗೆ ಅರಿಶಿನ ಹಚ್ಚುತ್ತೇನೆ. ಕಲ್ಲಿಗೆ ದೂರದಿಂದ ಕೈ ಮುಗಿಯುತ್ತೇನೆ. ಅವತ್ತು ಅಂಕಲ್ ತಪ್ಪದೆ ಬಂದು ಕೇಳುತ್ತಾರೆ, “ಏನರ ಹೇಳೂದೈತೇನಪಾ?”

ಇದ್ದರೆ, ಅಲ್ಲೇ ಹೇಳುತ್ತೇನೆ.